ಬಸ್ಸಿನ ಮೇಲಿನ ಬೆನ್ನು

ನಮ್ಮ ಸಂಘದ ಕಚೇರಿಯ ಗೋಡೆಯ ಮೇಲೆ ಬಹಳ ವರ್ಷ ಒಂದು ಬೆನ್ನಿತ್ತು. ಬಸ್ಸಿನ ಟಾಪ್ ಮೇಲೆ ನಿಂತ ಒಬ್ಬ ಮನುಷ್ಯ, ಮೇಲಕ್ಕೆತ್ತಿದ ಮುಷ್ಟಿ, ಮುಷ್ಟಿಯಲ್ಲಿ ಬಾವುಟ. ಡಿಪೊ ಮುಷ್ಕರದ ದಿನ ತೆಗೆದ ಫೋಟೊ ಅದು. ಮುಖ ಕಾಣುವುದಿಲ್ಲ. ಅದೇ ಫೋಟೊ ನಮ್ಮ ಡಿಪೊದ ಒಬ್ಬ ಮೆಕ್ಯಾನಿಕ್ಕನ ಮನೆಯಲ್ಲೂ ಇತ್ತು. ಬೇರೆಯವರ ಮಕ್ಕಳು ಗೋಡೆಯ ಮೇಲೆ ಅಪ್ಪನ ಮುಖ ನೋಡಿಕೊಂಡು ಬೆಳೆದರೆ ಅವನ ಮಗಳು ಅಪ್ಪನ ಬೆನ್ನು ನೋಡಿಕೊಂಡು ಬೆಳೆದಳು. ಮುಂದೆ ಸಾಕ್ಷ್ಯಚಿತ್ರ ತೆಗೆಯುವವಳಾದಳು. ಯಾರನ್ನು ತೆಗೆದರೂ ಹಿಂದಿನಿಂದಲೇ ತೆಗೆದಳು. ಇದಕ್ಕೂ ಅದಕ್ಕೂ ಸಂಬಂಧ ಇದೆಯೇ ಎಂದು ಒಬ್ಬ ಪತ್ರಕರ್ತ ಕೇಳಿದ್ದಕ್ಕೆ, "ಇಲ್ಲ, ಮುಂದ್ಗಡೆ ಸ್ಟ್ಯಾಂಡ್ ಇಡೋಕೆ ಜಾಗ ಇರ್ಲಿಲ್ಲ" ಅಂದಳು. ಅವನು ಅದನ್ನೇ ಬರೆದುಕೊಂಡು ಹೋದ.

ಅವಳ ಅಪ್ಪ ನಮ್ಮ ಜೊತೆಯಲ್ಲೇ ಕೆಲಸ ಕಳೆದುಕೊಂಡು, ನಮ್ಮ ಜೊತೆಯಲ್ಲೇ ವಾಪಸ್ ಪಡೆದವನು. ಎಲ್ಲರ ಬಾಯಲ್ಲೂ ಅವನು ಟಾಪ್ ಮೇಸ್ತ್ರಿ. ಬಸ್ಸಿನ ಮೇಲೆ ನಿಂತವನು ತಾನು ಎಂದು ಅವನು ಜಂಬ ಕೊಚ್ಚಿಕೊಂಡದ್ದಿಲ್ಲ. ಕೇಳಿದರೆ ಹೇಳುತ್ತಿದ್ದ. ಕೇಳದಿದ್ದರೆ ಕೇಳುವ ಹಾಗೆ ಮಾಡುತ್ತಿದ್ದ. ಮಗಳು ಶಾಲೆಯಲ್ಲಿ ಟಾಪ್ ಮೇಸ್ತ್ರಿ ಮಗಳು, ದಿನಸಿ ಅಂಗಡಿಯಲ್ಲಿ ಟಾಪ್ ಮೇಸ್ತ್ರಿ ಮಗಳು, ಒಂದು ಸಲ ನಮ್ಮ ಮೆರವಣಿಗೆಯಲ್ಲಿ ಸಿಕ್ಕಿಬಿದ್ದಾಗ ಠಾಣೆಯಲ್ಲೂ ಟಾಪ್ ಮೇಸ್ತ್ರಿ ಮಗಳು. ಅವಳ ಸ್ವಂತ ಹೆಸರು ಬೇಕಾಗಿದ್ದದ್ದು ಬ್ಯಾಂಕಿನವರಿಗೆ ಮಾತ್ರ.

ಹೊಟ್ಟೆಪಾಡಿಗೆ ಅವಳು ಒಂದು ವೀಡಿಯೊ ಅಂಗಡಿಯಲ್ಲಿ ಎಡಿಟಿಂಗ್ ಮಾಡುತ್ತಿದ್ದಳು. ಮದುವೆ, ಹುಟ್ಟುಹಬ್ಬ, ನಿವೃತ್ತಿ ಸಮಾರಂಭ. ಅಂಗಡಿಗೆ ಬರುವವರಲ್ಲಿ ಅರ್ಧ ಜನ ಹೊಸದು ಮಾಡಿಸಲು ಬಂದವರಲ್ಲ, ಹಳೆಯದನ್ನು ತಿದ್ದಿಸಲು ಬಂದವರು. ಭಾವಮೈದುನನ ಜೊತೆ ಮಾತು ಬಿಟ್ಟಿದ್ದೇವೆ, ಅವನನ್ನು ತೆಗೆದುಬಿಡಿ. ಮೊದಲ ಅಳಿಯ ಬೇಡ, ಅವನು ನಿಂತ ಜಾಗಕ್ಕೆ ಹೂಕುಂಡ ಇಡಿ. ಒಬ್ಬ ಹೆಂಗಸು ಸ್ವಲ್ಪ ಕಾಲ ಬಿಟ್ಟು ಮತ್ತೆ ಬಂದು, ಈಗ ರಾಜಿಯಾಗಿದೆ, ತೆಗೆಸಿದ ನಾದಿನಿಯನ್ನು ವಾಪಸ್ ಹಾಕಿ ಎಂದಳಂತೆ. ನೆನಪು ಅಂದರೇನು ಎಂದು ನಾನು ಪುಸ್ತಕದಲ್ಲಿ ಓದಲಿಲ್ಲ, ಕೌಂಟರಿನಲ್ಲಿ ಕೂತು ಕಲಿತೆ ಎನ್ನುತ್ತಿದ್ದಳು. ನಾವೆಲ್ಲ ಅವಳನ್ನು ಕರೆಯುತ್ತಿದ್ದದ್ದು ಡೈರೆಕ್ಟರಮ್ಮ ಎಂದು.

ಅವಳ ಸ್ವಂತ ಚಿತ್ರ ನೋಡುವುದಕ್ಕೆ ಗಟ್ಟಿ ಜೀವ ಬೇಕು. ಮೊದಲನೆಯದು ಮುಚ್ಚಿಹೋದ ಬಿಸ್ಕತ್ತು ಕಾರ್ಖಾನೆಯ ಬಾಗಿಲು. ಈಗ ತೆರೆಯುತ್ತದೆ, ಆಗ ತೆರೆಯುತ್ತದೆ ಎಂದು ನಾವೆಲ್ಲ ಕಾದೆವು. ತೆರೆಯಲಿಲ್ಲ, ಚಿತ್ರ ಮುಗಿಯಿತು. ಅಲ್ಲಿ ದುಡಿದವರ ದನಿ ಮಾತ್ರ ಕೇಳುತ್ತಿತ್ತು. ಬಾಗಿಲಿಗೆ ಮೊದಲು ಯಾವ ಬಣ್ಣ ಇತ್ತು ಎಂದರೆ ಒಬ್ಬೊಬ್ಬರು ಒಂದೊಂದು ಹೇಳುತ್ತಿದ್ದರು. ಎರಡನೆಯದರಲ್ಲಿ ಮಾರಿಹೋದ ಒಂದು ಮನೆಯ ನಕ್ಷೆಯನ್ನು ಆ ಮನೆಯ ಅಣ್ಣತಮ್ಮಂದಿರು, ಅಕ್ಕತಂಗಿಯರು ನೆನಪಿನಿಂದ ಬರೆಯುತ್ತಾರೆ. ಎಲ್ಲರೂ ತಾವು ಮಲಗುತ್ತಿದ್ದ ಕೋಣೆಯನ್ನು ದೊಡ್ಡದಾಗಿ ಬರೆದರು. ಅಡುಗೆಮನೆ ಬರೆದದ್ದು ಹಿರಿಯಕ್ಕ ಒಬ್ಬಳೇ. ಅಲ್ಲೂ ಬೆನ್ನುಗಳೇ. ಯಾಕೆ ಹೀಗೆ ಎಂದು ನಾನು ಗದರಿಸಿ ಕೇಳಿದಾಗ ನಿಜವಾದ ಕಾರಣ ಹೇಳಿದಳು.

"ಮುಖಕ್ಕೆ ಕ್ಯಾಮೆರಾ ಅಭ್ಯಾಸ ಆಗ್ಬಿಟ್ಟಿದೆ ಮಾಮ. ಬೆನ್ನಿಗೆ ಇನ್ನೂ ಆಗಿಲ್ಲ."

ಅವಳ ಎಲ್ಲ ಚಿತ್ರಗಳಲ್ಲೂ ಹಿಂದೆ ಟಕಟಕ ಎಂಬ ಸದ್ದೊಂದು ಬರುತ್ತದೆ. ಕಾಲ ಸವೆಯುವ ಸದ್ದು ಎಂದು ಒಬ್ಬರು ವಿಮರ್ಶಕರು ಬರೆದರು. ಅದು ಅವಳ ಅಮ್ಮನ ಹೊಲಿಗೆ ಮಷೀನು. ಮನೆಯಲ್ಲಿದ್ದದ್ದು ಒಂದೇ ಉದ್ದ ಮೇಜು. ಒಂದು ತುದಿಯಲ್ಲಿ ತಾಯಿ ಶಾಲಾ ಮಕ್ಕಳ ಸಮವಸ್ತ್ರ ಹೊಲಿಯುತ್ತಿದ್ದರು, ಇನ್ನೊಂದು ತುದಿಯಲ್ಲಿ ಮಗಳು ಮೈಕ್ ಇಟ್ಟುಕೊಂಡು ಕೂರುತ್ತಿದ್ದಳು. ಸ್ವಲ್ಪ ನಿಲ್ಲಿಸಮ್ಮ ಎಂದರೆ, ಶಾಲೆ ತೆರೆಯೋದು ನಿಲ್ಲಿಸ್ತಾರಾ ಕೇಳ್ಕೊಂಡು ಬಾ ಎನ್ನುತ್ತಿದ್ದರು.

ಮೂರನೆಯ ಚಿತ್ರ ಅವಳಾಗಿ ಹುಡುಕಿಕೊಂಡು ಹೋದದ್ದಲ್ಲ, ನಾವು ಅವಳ ತಲೆಗೆ ಕಟ್ಟಿದ್ದು. ಸಂಘದ ಕಚೇರಿಗೆ ಸುಣ್ಣಬಣ್ಣ ಮಾಡಿಸಿದ ವರ್ಷ ನಮ್ಮ ಹೊಸ ಕಾರ್ಯದರ್ಶಿ, ಮುಷ್ಕರ ಮುಗಿದ ಮೇಲೆ ಹುಟ್ಟಿದವನು, ಫೋಟೊ ಕೆಳಗೆ ಹೆಸರೇ ಇಲ್ಲವಲ್ಲ ಎಂದು ಕಂಡುಹಿಡಿದ. ಮೇಸ್ತ್ರಿಯ ಹೆಸರಿನಲ್ಲಿ ಒಂದು ಹಿತ್ತಾಳೆ ಫಲಕ, ಒಂದು ಸಭೆ, ಮಗಳದ್ದೇ ಒಂದು ಚಿಕ್ಕ ಚಿತ್ರ, ಆದಷ್ಟು ಮುಖ ಕಾಣುವ ಹಾಗೆ. ಇದು ಅವನ ಯೋಜನೆ. ಸುದ್ದಿ ಕೇಳಿದ ಮೇಸ್ತ್ರಿ ಮರುದಿನದಿಂದ ಗಡ್ಡ ಬೋಳಿಸಿಕೊಂಡೇ ಹೊರಗೆ ಬರತೊಡಗಿದ. ಅವನಿಗೆ ಬರಬೇಕಿದ್ದ ಬಡ್ತಿ ಮುಷ್ಕರದಲ್ಲಿ ಹೋಯಿತು, ಹಿರಿತನವೂ ಹೋಯಿತು, ಅವನ ಕೈಕೆಳಗೆ ಸ್ಪ್ಯಾನರ್ ಹಿಡಿಯಲು ಕಲಿತವರು ಅವನಿಗೆ ಮೇಲಧಿಕಾರಿಗಳಾಗಿ ನಿವೃತ್ತರಾದರು. ಅಷ್ಟಕ್ಕೂ ಬದಲಾಗಿ ಅವನ ಪಾಲಿಗೆ ಉಳಿದದ್ದು ಆ ಬೆನ್ನೊಂದೇ. ಈಗ ಅದಕ್ಕೆ ಹೆಸರು ಬೀಳಬೇಕು.

ಅಡ್ಡ ಬಂದವನು ಕಂಡಕ್ಟರ್. ಅವನೂ ನಿವೃತ್ತ, ಅವನೂ ನಮ್ಮವನೇ. ಆ ಬೆನ್ನು ನನ್ನದು, ಇಷ್ಟು ವರ್ಷ ಸುಮ್ಮನಿದ್ದದ್ದು ದೊಡ್ಡತನ, ಫಲಕ ಹೊಡೆಯುವುದಾದರೆ ಸುಮ್ಮನಿರುವುದು ದಡ್ಡತನ ಎಂದು ಸಮಿತಿ ಮುಂದೆ ಕೂತುಬಿಟ್ಟ. ಕಾರ್ಯದರ್ಶಿಗೆ ಬೆವರಿಳಿಯಿತು. ಎರಡೂ ಕಡೆಯವರ ಮಾತು ಕೇಳಿ ನಿನ್ನ ಚಿತ್ರದಲ್ಲೇ ತೀರ್ಮಾನ ಮಾಡಿಬಿಡಮ್ಮ ಎಂದು ಡೈರೆಕ್ಟರಮ್ಮನ ಮೇಲೆ ಹಾಕಿದ. ಅವಳು ಒಪ್ಪಿದಳು, ಆದರೆ ಏನು ಸಿಕ್ಕರೂ ಅದನ್ನೇ ತೋರಿಸುತ್ತೇನೆ, ಒಂದು ಚೂರೂ ಕತ್ತರಿಸುವುದಿಲ್ಲ ಎಂದಳು. ಸಿಗುವುದು ತನ್ನ ಅಪ್ಪನ ಹೆಸರೇ ಎಂಬ ನಂಬಿಕೆ ಅವಳಿಗಿತ್ತು. ಇಲ್ಲದಿದ್ದರೆ ಅಂಥ ಮಾತು ಆಡುತ್ತಿರಲಿಲ್ಲ.

ಇಲ್ಲಿ ನಮ್ಮ ಒಂದು ಪದ್ಧತಿ ಹೇಳಬೇಕು. ಆ ಕಾಲದಲ್ಲಿ ನಾವು ಯಾವ ಫೋಟೊ ಅಚ್ಚು ಹಾಕಿಸಿದರೂ ಮೊದಲು ಮುಖಗಳನ್ನು ಕತ್ತರಿಸುತ್ತಿದ್ದೆವು. ಪೊಲೀಸರು ಪೋಸ್ಟರ್ ಹಿಡಿದುಕೊಂಡು ಮನೆಮನೆಗೆ ಬಂದು, ಇದು ನೀನಲ್ಲವೇ ಎಂದು ಎಳೆದುಕೊಂಡು ಹೋಗುತ್ತಿದ್ದರು. ಹಾಗಾಗಿ ಸಮಿತಿ ಕತ್ತರಿ ಹಿಡಿದು ಕೂರುತ್ತಿತ್ತು. ಮುಖ ಹೋಗಬೇಕು, ಬಸ್ಸಿನ ನಂಬರ್ ಹೋಗಬೇಕು, ಅಂಗಡಿ ಬೋರ್ಡು ಹೋಗಬೇಕು. ಕೊನೆಗೆ ಕೈಕಾಲು, ಬೆನ್ನು, ಆಕಾಶ ಉಳಿಯುತ್ತಿದ್ದವು. ನಮ್ಮ ಹೋರಾಟದ ಇತಿಹಾಸ ನೋಡಿದರೆ ತಲೆಯಿರುವವರು ಯಾರೂ ಭಾಗವಹಿಸಿದ ಹಾಗೆ ಕಾಣುವುದಿಲ್ಲ. ಆ ಬಸ್ಸಿನ ಫೋಟೊವನ್ನೂ ಹಾಗೆಯೇ ಕತ್ತರಿಸಿದ್ದು. ಮುಷ್ಟಿಯಲ್ಲಿ ಏನೋ ಮಸುಕಾಗಿ ಕಾಣುತ್ತಿತ್ತು, ಪೋಸ್ಟರ್ ಬರೆಯುವವನು ಬೆನ್ನಿಗೆ ಪೂರ್ತಿ ಕಪ್ಪು ತುಂಬಿ, ಮುಷ್ಟಿಗೆ ಬಾವುಟ ಸೇರಿಸಿದ. ಚೆನ್ನಾಗಿತ್ತು, ಯಾರೂ ಬೇಡವೆನ್ನಲಿಲ್ಲ. ಆಮೇಲೆ ಬಂದ ಪ್ರತಿಗಳೆಲ್ಲ ಆ ಪೋಸ್ಟರಿನಿಂದಲೇ ತೆಗೆದವು.

ಡೈರೆಕ್ಟರಮ್ಮ ನಮ್ಮನ್ನು ಒಬ್ಬೊಬ್ಬರನ್ನಾಗಿ ಗೋಡೆ ಕಡೆ ತಿರುಗಿಸಿ ಕೂರಿಸಿ ಮಾತಾಡಿಸಿದಳು. ಗೋಡೆ ನೋಡಿಕೊಂಡು ಮಾತಾಡುವುದು ಶಾಲೆಯಲ್ಲಿ ಶಿಕ್ಷೆ ಕೊಟ್ಟ ಹಾಗಿರುತ್ತದೆ. ನಾನು ಆ ದಿನ ಡಿಪೊದ ಹಿಂದಿನ ಗೇಟಿನಲ್ಲಿದ್ದೆ. ಅಲ್ಲಿಂದ ಆ ಬಸ್ಸು ಕಾಣುವುದಿಲ್ಲ. ಆದರೂ ಮೇಸ್ತ್ರಿ ಬಸ್ಸಿನ ಮೇಲೆ ನಿಂತದ್ದು ನನಗೆ ಕಣ್ಣಿಗೆ ಕಟ್ಟಿದ ಹಾಗೆ ನೆನಪಿದೆ ಎಂದು ಹೇಳಿದೆ. ಹಾಗೇ ಚಿತ್ರದಲ್ಲಿದೆ.

ಮೇಸ್ತ್ರಿಯ ಮಾತು ಎಲ್ಲರದಕ್ಕಿಂತ ಪಕ್ಕಾ ಇತ್ತು. ಆ ಬಸ್ಸಿನ ಹಿಂದಿನ ಏಣಿಗೆ ಕೆಳಗಿನ ಬೋಲ್ಟ್ ಇರಲಿಲ್ಲ, ಏಣಿ ಹಲ್ಲಿನ ಹಾಗೆ ಅಲ್ಲಾಡುತ್ತಿತ್ತು. ಕೆಳಗೆ ಯಾವನೋ ಒಬ್ಬ ಅದನ್ನು ಅವುಚಿ ಹಿಡಿದುಕೊಂಡು, ಬೇಗ ಇಳಿಯಯ್ಯಾ, ಕೈ ಸೋತುಹೋಗ್ತಿದೆ ಎಂದು ಮೇಲಿದ್ದವನಿಗೆ ಬೈಯುತ್ತಿದ್ದ. ಮೇಲೆ ನಿಂತು ಏನು ಕಾಣಿಸಿತು ಎಂದು ಮಗಳು ಕೇಳಿದಳು. ಜನ ಎಂದ. ಇನ್ನೇನು ಎಂದಳು. ಬಹಳ ಜನ ಎಂದ.

ಆಮೇಲೆ ಅವಳು ಗುಜರಿಯಲ್ಲಿ ಅದೇ ಮಾದರಿಯ ಒಂದು ಹಳೆ ಬಸ್ಸು ಹುಡುಕಿ ಇಬ್ಬರನ್ನೂ ಕರೆದುಕೊಂಡು ಹೋದಳು. ಒಬ್ಬೊಬ್ಬರಾಗಿ ಟಾಪ್ ಹತ್ತಿ, ಅವತ್ತು ನಿಂತ ಹಾಗೆ ನಿಲ್ಲಬೇಕು. ಕಂಡಕ್ಟರ್ ಸರಸರ ಹತ್ತಿದ. ಅವನು ಹತ್ತುವಾಗ ಮೇಸ್ತ್ರಿ ಕೆಳಗೆ ಏಣಿಯನ್ನು ಎರಡೂ ಕೈಯಲ್ಲಿ ಅವುಚಿ ಹಿಡಿದಿದ್ದ. ಏಣಿ ಗಟ್ಟಿಯಾಗೇ ಇತ್ತು, ಹಿಡಿಯಿರಿ ಎಂದು ಯಾರೂ ಹೇಳಿರಲಿಲ್ಲ. ಮೇಸ್ತ್ರಿಯ ಸರದಿ ಬಂದಾಗ ಎರಡು ಮೆಟ್ಟಿಲು ಹತ್ತಿ, ಇದು ಆ ಮಾದರಿ ಅಲ್ಲ ಎಂದು ಇಳಿದ. ಅದೇ ಮಾದರಿ ಎಂದು ಗುಜರಿಯವನು ಹೇಳಿದ. ಹಾಗಾದರೆ ತುಕ್ಕು ಜಾಸ್ತಿ ಇದೆ ಎಂದು ಮೇಸ್ತ್ರಿ ಮುಂದಕ್ಕೆ ಹೋಗಿ ಬಾನೆಟ್ ಎತ್ತಿ, ಇಂಜಿನ್ನಿನ ವಿಷಯ ಮಾತಾಡತೊಡಗಿದ. ಕ್ಯಾಮೆರಾ ಓಡುತ್ತಲೇ ಇತ್ತು. ಮೇಲೆ ಕಂಡಕ್ಟರ್ ಮುಷ್ಟಿ ಎತ್ತಿಕೊಂಡು, ಇಳೀಲಾ ಎಂದು ಕೇಳುತ್ತ ನಿಂತಿದ್ದ.

ಅಂದಿನ ಫೋಟೊ ತೆಗೆದ ಸ್ಟುಡಿಯೊದವರು ಇನ್ನೂ ಇದ್ದರು. ಅಂಗಡಿ ಮುಚ್ಚಿ ಮಗಳ ಮನೆಯ ಹಿಂದಿನ ಕೋಣೆಯಲ್ಲಿದ್ದರು, ಮಂಚದ ಕೆಳಗೆ ಚಪ್ಪಲಿ ಡಬ್ಬಗಳಲ್ಲಿ ನೆಗೆಟಿವ್‌ಗಳಿದ್ದವು. ಡೈರೆಕ್ಟರಮ್ಮ ಹೋಗಿ ಪೂರ್ತಿ ಫೋಟೊ ಬೇಕು ಎಂದಳು. ಇಷ್ಟು ವರ್ಷ ಯಾಕೆ ಯಾರಿಗೂ ತೋರಿಸಲಿಲ್ಲ ಎಂದೂ ಕೇಳಿದಳು.

"ನಿಮ್ಮೋರು ಬಂದೋರೆಲ್ಲ ಕತ್ತರಿಸಿ ಕೊಡಿ ಅಂತ ಕೇಳೋರು" ಎಂದರು ಅವರು. "ಪೂರ್ತಿ ಕೊಡಿ ಅಂತ ಕೇಳಿದ್ದು ನೀನೇ ಮೊದಲು."

ಆ ಫೋಟೊ ತೆಗೆದುಕೊಂಡು ಅವಳು ನೇರ ನನ್ನ ಕೋಣೆಗೆ ಬಂದಳು. ನಾನು ಕನ್ನಡಕ ಒರೆಸಿ ನೋಡಿದೆ. ಒರೆಸಿದ್ದರಿಂದ ಏನೂ ಬದಲಾಗಲಿಲ್ಲ. ಬಸ್ಸಿನ ಮೇಲೆ ನಿಂತವನು ನಮ್ಮವನೇ ಅಲ್ಲ. ಕೋಟು ಹಾಕಿದ, ಬೂಟು ಹಾಕಿದ ಯಾವನೋ ಪ್ರಯಾಣಿಕ. ಕಾಲ ಬಳಿ ಒಂದು ಟ್ರಂಕು, ಸುತ್ತ ಗಂಟುಮೂಟೆ. ಮೇಲಕ್ಕೆತ್ತಿದ ಮುಷ್ಟಿಯಲ್ಲಿದ್ದದ್ದು ಟ್ರಂಕಿಗೆ ಕಟ್ಟಿದ ಹಗ್ಗ. ಕೆಳಗೆ ಒಬ್ಬ ಹೆಂಗಸು ಟ್ರಂಕು ಹಿಡಿಯಲು ಎರಡೂ ಕೈ ಚಾಚಿ ನಿಂತಿದ್ದಾಳೆ. ಬಸ್ಸು ಮುಂದೆ ಹೋಗುವುದಿಲ್ಲ ಎಂದು ನಾವು ಘೋಷಣೆ ಕೂಗಿದ್ದೆವು. ಅವನು ಪಾಪ ತನ್ನ ಸಾಮಾನು ಇಳಿಸಿಕೊಳ್ಳುತ್ತಿದ್ದ. ಇಷ್ಟು ವರ್ಷ ನಾವು ಆ ಟ್ರಂಕಿನವನ ಕೆಳಗೆ ಕೂತು ಸಭೆ ಮಾಡಿದ್ದೆವು.

ಏಣಿಯ ಬುಡದಲ್ಲಿ ಡಿಪೊ ಅಂಗಿ ತೊಟ್ಟ ಒಬ್ಬ ಹುಡುಗ ಏಣಿಯನ್ನು ಅವುಚಿ ಹಿಡಿದಿದ್ದಾನೆ. ಮುಖ ನೇರ ಕ್ಯಾಮೆರಾ ಕಡೆ, ಬಾಯಿ ತೆರೆದಿದೆ. ಮೇಸ್ತ್ರಿಯೇ. ಅನುಮಾನಕ್ಕೆ ಎಡೆಯೇ ಇಲ್ಲ, ಮಗಳ ಮೂಗು ಅವನ ಮುಖದಲ್ಲಿತ್ತು.

ನಾನು ನಮಗೆ ಗೊತ್ತಿರುವ ದಾರಿ ಹೇಳಿದೆ.

"ಕತ್ತರಿಸಿಬಿಡು."

"ಅವತ್ತು ಪೊಲೀಸರಿಗೋಸ್ಕರ ಕತ್ತರಿಸಿದ್ರಿ ಮಾಮ. ಇವತ್ತು ಯಾರಿಗೋಸ್ಕರ?"

ಉತ್ತರ ನನ್ನ ಬಳಿ ಇತ್ತು. ನಿಮ್ಮಪ್ಪನಿಗೋಸ್ಕರ. ಅದನ್ನು ಅವಳೂ ಬಲ್ಲಳು, ಅದಕ್ಕೇ ಬಂದದ್ದು. ಬೇರೆಯವರ ಭಾವಮೈದುನರನ್ನು ಅಳಿಸಿ ಹೂಕುಂಡ ಇಟ್ಟವಳಿಗೆ ಒಂದು ಟ್ರಂಕು ಅಳಿಸುವುದು ದೊಡ್ಡ ಕೆಲಸವಾಗಿರಲಿಲ್ಲ. ಅಮ್ಮನಿಗೆ ತೋರಿಸಿದೆಯಾ ಎಂದೆ. ತೋರಿಸಿದ್ದಳಂತೆ. ಮೇಸ್ತ್ರಿಯ ಹೆಂಡತಿ, ನಮಗೆಲ್ಲ ಅತ್ತಿಗೆ, ಹೊಲಿಗೆಯಿಂದ ತಲೆ ಎತ್ತದೆಯೇ ಹೇಳಿದ್ದರಂತೆ: "ನಂಗೊತ್ತಿತ್ತು. ಬಲ್ಬು ಹಾಕೋಕೆ ಸ್ಟೂಲ್ ಹತ್ತೋಕೂ ನನ್ನೇ ಕರೆಯೋ ಮನುಷ್ಯ, ಬಸ್ ಹತ್ತಿದ್ರಂತೆ." ಮತ್ತೆ ಯಾಕೆ ಇಷ್ಟು ವರ್ಷ ಸುಮ್ಮನಿದ್ದೆ ಎಂದು ಮಗಳು ಕೇಳಿದರೆ, "ನನ್ನ ಯಾರು ಕೇಳಿದ್ರು? ನಿನ್ನ ಕ್ಯಾಮೆರಾ ಎಲ್ರನ್ನೂ ಕೇಳ್ತು, ನಂಗೆ ಮಷೀನ್ ನಿಲ್ಸು ಅಂತು, ಅಷ್ಟೆ."

ಅಪ್ಪನಿಗೆ ತೋರಿಸದೆ ಯಾರಿಗೂ ತೋರಿಸುವುದಿಲ್ಲ ಎಂದು ಅವಳು ಎದ್ದಳು. ನಾನೂ ಹೋದೆ. ಮೇಸ್ತ್ರಿಯನ್ನು ಮೇಜಿನ ಮುಂದೆ ಕೂರಿಸಿ, ಲ್ಯಾಪ್‌ಟಾಪಿನಲ್ಲಿ ಫೋಟೊ ತೆರೆದಿಟ್ಟು, ಎಂದಿನ ಹಾಗೆ ಅವನ ಬೆನ್ನ ಹಿಂದೆ ಕ್ಯಾಮೆರಾ ಇಟ್ಟಳು. ಮೇಸ್ತ್ರಿ ಮೊದಲು ಬಸ್ಸನ್ನು ಗುರುತಿಸಿದ. ಇದರ ಗೇರ್‌ಬಾಕ್ಸ್ ಇಳಿಸಿದ್ದು ನಾನೇ ಎಂದ. ಆಮೇಲೆ ಮೇಲೆ ಬೆರಳಿಟ್ಟು, ಅಗೋ ನಾನು ಎಂದ. ಟ್ರಂಕು ಕಂಡಿತು. ಯಾರದೋ ಸಾಮಾನು ಅಡ್ಡ ಇತ್ತು, ನಿಲ್ಲೋಕೇ ಜಾಗ ಇರಲಿಲ್ಲ ಎಂದ. ಕೋಟು, ಬೂಟು ಕಂಡವೋ ಇಲ್ಲವೋ, ಆ ವಿಷಯ ಎತ್ತಲಿಲ್ಲ.

"ಅಪ್ಪ, ಏಣಿ ಹಿಡಿದಿರೋದು ಯಾರು?"

ಮೇಸ್ತ್ರಿ ಮುಖವನ್ನು ಪರದೆಯ ಹತ್ತಿರ ಒಯ್ದ. ಬಹಳ ಹೊತ್ತು ನೋಡಿದ.

"ಇವ್ನೇ ಕಣಮ್ಮ ನಾನು ಹೇಳ್ತಿದ್ದದ್ದು. ಕೆಳಗೆ ನಿಂತು ಬೈತಿದ್ನಲ್ಲ, ಇವ್ನೇ."

"ಹೆಸರು?"

"ನೆನಪಿಲ್ಲ. ನಮ್ಮ ಡಿಪೊದವ್ನೇ. ಒಳ್ಳೆ ಹುಡುಗ. ಬೋಲ್ಟ್ ಇಲ್ದಿರೋ ಏಣಿ, ಪೊಲೀಸ್ರು ಲಾಠಿ ಎತ್ಕೊಂಡು ಬರ್ತಾ ಇದ್ರು, ಬಿಟ್ಟು ಓಡ್ಬೋದಿತ್ತು. ಓಡ್ಲಿಲ್ಲ. ಮೇಲಿದ್ದೋನು ಇಳಿಯೋವರ್ಗೂ ಹಿಡ್ಕೊಂಡಿದ್ದ. ಬೆನ್ನ ಮೇಲೆ ಏಟು ಬಿತ್ತು. ಆಮೇಲೆ ಎಷ್ಟೋ ದಿನ ಅವನಿಗೆ ತೋಳು ಎತ್ತೋಕೆ ಆಗ್ತಿರ್ಲಿಲ್ಲ."

"ಅದು ನಿಂಗೆ ಹೇಗ್ ಗೊತ್ತು?"

"ಜೊತೆಲಿದ್ದೋರ ಕೈ ನೋವು ಗೊತ್ತಾಗಲ್ವಾ?" ಎಂದ ಮೇಸ್ತ್ರಿ, ಮಗಳ ದಡ್ಡತನಕ್ಕೆ ಬೇಸರಪಟ್ಟ ಹಾಗೆ. "ಅವನ ಹೆಸರೂ ಎಲ್ಲಾದ್ರೂ ಹಾಕಿ. ಪಾಪ."

ಹೊಲಿಗೆ ಮಷೀನು ನಿಂತಿತ್ತು. ಚಿತ್ರದಲ್ಲೂ ಆ ಭಾಗದಲ್ಲಿ ಟಕಟಕ ಇಲ್ಲ. ವಿಮರ್ಶಕರು ಯಾರೂ ಇದನ್ನು ಗಮನಿಸಿಲ್ಲ.

ಅವಳು ಏನನ್ನೂ ಕತ್ತರಿಸಲಿಲ್ಲ. ಸಭೆಯ ದಿನ ಕಚೇರಿ ತುಂಬಿತ್ತು. ಎರಡು ಬಾಡಿಗೆ ಫ್ಯಾನು, ಗೋಡೆಗೆ ಕಟ್ಟಿದ ಬಿಳಿ ಬಟ್ಟೆ, ಅದರ ಪಕ್ಕದಲ್ಲಿ ಕಾಗದ ಸುತ್ತಿದ ಫಲಕ. ಮೇಸ್ತ್ರಿ ಹೆಂಡತಿ ಹೊಲಿದ ಹೊಸ ಅಂಗಿ ತೊಟ್ಟು ಮುಂದಿನ ಸಾಲಿನಲ್ಲಿ ಕೂತಿದ್ದ. ಅವನ ಹಿಂದೆಯೇ ಕಂಡಕ್ಟರ್, ಕೈಕಟ್ಟಿಕೊಂಡು. ನಮ್ಮ ಬೆನ್ನುಗಳು ಒಂದಾದ ಮೇಲೊಂದು ಬಂದು ಮಾತಾಡಿದವು. ಗುಜರಿ ಬಸ್ಸು ಬಂತು. ಮೇಸ್ತ್ರಿ ಇಂಜಿನ್ನಿನ ವಿಷಯ ಹೇಳುವಾಗ ಜನ ನಕ್ಕರು, ಅವನೂ ನಕ್ಕ. ಕೊನೆಗೆ ಪೂರ್ತಿ ಫೋಟೊ ಬಂದು ನಿಂತಿತು. ಅಲ್ಲಾಡಲಿಲ್ಲ. ಅವಳ ಬಿಸ್ಕತ್ತು ಕಾರ್ಖಾನೆಯ ಬಾಗಿಲಿನ ಹಾಗೆ ಅಲ್ಲೇ ಇತ್ತು. ಅದರ ಮೇಲೆ ಮೇಸ್ತ್ರಿಯ ದನಿ: ಹೆಸರು ನೆನಪಿಲ್ಲ, ನಮ್ಮ ಡಿಪೊದವ್ನೇ, ಓಡ್ಲಿಲ್ಲ.

ಇಡೀ ಸಭೆ ಪರದೆಯ ಮೇಲಿನ ಹುಡುಗನ ಮುಖ ನೋಡಿತು, ತಿರುಗಿ ಮುಂದಿನ ಸಾಲಿನ ಮುದುಕನ ಮುಖ ನೋಡಿತು. ಎಲ್ಲರಿಗೂ ಗೊತ್ತಾಯಿತು. ಜನ ತನ್ನನ್ನೇ ನೋಡುತ್ತಿರುವುದು ಕಂಡು ಮೇಸ್ತ್ರಿ ಸ್ವಲ್ಪ ನೆಟ್ಟಗೆ ಕೂತ.

ದೀಪ ಹಾಕಿದ ಮೇಲೆ ಕಂಡಕ್ಟರ್ ಎದ್ದು ನಿಂತ. ಈಗ ಇವನು ಮೇಸ್ತ್ರಿಯ ಮಾನ ಕಳೆಯುತ್ತಾನೆ ಎಂದು ನಾನು ಕುರ್ಚಿಯಿಂದ ಅರ್ಧ ಎದ್ದೆ. ಡೈರೆಕ್ಟರಮ್ಮ ಗೋಡೆಗೆ ಒರಗಿ ನಿಂತಿದ್ದಳು.

"ಮೇಲಿರೋನು ನಾನಲ್ಲ" ಎಂದ ಕಂಡಕ್ಟರ್. "ಸರ್ವಿಸ್ಸಲ್ಲಿ ಒಂದೇ ಒಂದು ದಿನಾನೂ ನಾನು ಪ್ಯಾಸೆಂಜರ್ ಲಗೇಜ್ ಮುಟ್ಟಿಲ್ಲ. ಅದು ಕಂಡಕ್ಟರ್ ಕೆಲಸ ಅಲ್ಲ. ರೆಕಾರ್ಡಿಗೆ ಇರ್ಲಿ."

ಇಷ್ಟು ಹೇಳಿ ಕೂತ. ಮೇಸ್ತ್ರಿ ಹಿಂದಕ್ಕೆ ತಿರುಗಿ, "ಇಷ್ಟು ದಿನಕ್ಕಾದ್ರೂ ಒಪ್ಕೊಂಡ್ಯಲ್ಲ" ಎಂದು ಅವನ ಮೊಣಕಾಲು ತಟ್ಟಿದ. ಕಂಡಕ್ಟರ್ ಅವನ ಮುಖವನ್ನೇ ನೋಡಿ, "ಹೂಂ ಮೇಸ್ತ್ರಿ" ಎಂದ. ಅವರಿಬ್ಬರ ನಡುವೆ ಅಷ್ಟು ಚಿಕ್ಕ ಮಾತು ನಾನು ಅದಕ್ಕೂ ಮೊದಲು ಕೇಳಿರಲಿಲ್ಲ.

ಉಳಿದದ್ದು ಫಲಕ. ಹಳೆ ಫೋಟೊ ಇಳಿಸಿ ಪೂರ್ತಿ ಫೋಟೊವನ್ನೇ ದೊಡ್ಡದು ಮಾಡಿ ಹಾಕಬೇಕು ಎಂದು ಸಮಿತಿ ಒಪ್ಪಿತು. ಆದರೆ ಹೆಸರು ಎಲ್ಲಿ ಹೊಡೆಯುವುದು ಎಂಬಲ್ಲಿ ಕಾರ್ಯದರ್ಶಿಗೆ ಕೈಕಾಲು ಆಡಲಿಲ್ಲ. ಟ್ರಂಕಿನವನ ಕೆಳಗೆ ಹೊಡೆದರೆ ಸುಳ್ಳು, ಹೊಡೆಯದಿದ್ದರೆ ಮೇಸ್ತ್ರಿ ಮನೆಗೆ ಹೋಗುವುದು ಹೇಗೆ. ಅವನು ಡೈರೆಕ್ಟರಮ್ಮನ ಮುಖ ನೋಡಿದ, ಅವ‌ಳು ಅಮ್ಮನ ಮುಖ ನೋಡಿದಳು. ಅತ್ತಿಗೆ ಎದ್ದು ಹೋಗಿ ಬಟ್ಟೆಗೆ ಗುರುತು ಮಾಡುವ ನೀಲಿ ಸೀಮೆಸುಣ್ಣವನ್ನು ಚೀಲದಿಂದ ತೆಗೆದು, ಹೊಸ ಸುಣ್ಣದ ಗೋಡೆಯ ಮೇಲೆ, ಏಣಿಯ ಬುಡ ಬರುವ ನೇರಕ್ಕೆ ಒಂದು ಗೀರು ಎಳೆದರು. ಬಡಗಿ ಅಲ್ಲೇ ಮೊಳೆ ಹೊಡೆದ.

ಆ ಚಿತ್ರ ಆಮೇಲೆ ಕೆಲವು ಕಡೆ ಓಡಾಡಿತು, ಒಂದೆರಡು ಬಹುಮಾನವೂ ಬಂತು. ಡೈರೆಕ್ಟರಮ್ಮ ಈಗಲೂ ಅದೇ ಅಂಗಡಿಯಲ್ಲಿದ್ದಾಳೆ, ಈಗಲೂ ಬೆನ್ನುಗಳನ್ನೇ ತೆಗೆಯುತ್ತಾಳೆ. ಮನೆಯ ನಡುಕೋಣೆಯಲ್ಲಿ ಮಾತ್ರ ಏಣಿಯ ಹುಡುಗನ ಮುಖ ದೊಡ್ಡದಾಗಿ ತೂಗುಹಾಕಿದ್ದಾಳೆ. ಬಂದವರು ಯಾರಿದು ಎಂದರೆ ಮೇಸ್ತ್ರಿ, ನನ್ನ ಪ್ರಾಣ ಉಳಿಸಿದವನು ಎಂದು ಪರಿಚಯ ಮಾಡಿಕೊಡುತ್ತಾನೆ.

ಕಚೇರಿಗೂ ಅವನು ವಾರಕ್ಕೊಮ್ಮೆ ಬರುತ್ತಾನೆ. ಫಲಕವನ್ನು ಕರವಸ್ತ್ರದಿಂದ ಒರೆಸಿ, ಎರಡು ಹೆಜ್ಜೆ ಹಿಂದೆ ಸರಿದು ನೋಡಿ ಮುಖ ಗಂಟಿಕ್ಕುತ್ತಾನೆ. ಕೆಲಸಕ್ಕೆ ಸರಿಯಾದ ಬಡಗಿ ಇಟ್ಟಿಲ್ಲ, ನನ್ನ ಹೆಸರನ್ನು ಮೂಲೆಗೆ ಹೊಡೆದಿದ್ದಾನೆ, ಸ್ವಲ್ಪ ನಡುವಿಗೆ ಸರಿಸಬೇಕು ಎಂದು ನನ್ನ ಬಳಿ ಹೇಳುತ್ತಾನೆ. ಬಡಗಿ ಸಿಕ್ಕರೆ ಹೇಳುತ್ತೇನೆ ಎನ್ನುತ್ತೇನೆ.